ಗೇಟಿನಲ್ಲಿ ಕೇಳಿದ ಹೆಸರು

ಗಂಡ ಸತ್ತ ದಿನ ಸಾರಮ್ಮನಿಗೆ ಸಿಟ್ಟು ಬರಲಿಲ್ಲ. ಅಳುವುದಕ್ಕೇ ಹೊತ್ತು ಸಾಲಲಿಲ್ಲ. ಸಿಟ್ಟು ಬಂದದ್ದು ಆಮೇಲೆ, ದುಃಖ ಕೇಳಲು ಬಂದವರು ಯಾಕೆ ಬಂದರು ಎಂದು ಗೊತ್ತಾದ ಮೇಲೆ. ಬಂದ ಸಿಟ್ಟು ಮತ್ತೆ ಇಳಿಯಲಿಲ್ಲ.

ಅವಳ ಮನೆ ಬಹ್ರೇನಿನ ಹೂರಾದಲ್ಲಿ, ಒಂದು ಸಣ್ಣ ಗಲ್ಲಿಯ ಹಳೆಯ ಕಟ್ಟಡದ ಮೊದಲ ಮಾಳಿಗೆಯಲ್ಲಿ. ಗಲ್ಲಿಯ ಆಚೆ ಬದಿಗೆ ಒಂದು ಕಾಲೇಜು. ಕಾಲೇಜಿಗೆ ದೊಡ್ಡ ಬಾಸ್ಕೆಟ್‌ಬಾಲ್ ಹಾಲ್ ಉಂಟು, ಕಾರು ನಿಲ್ಲಿಸಲು ಜಾಗ ಇಲ್ಲ. ಕಟ್ಟಿದವರಿಗೆ ಆಡುವವರ ನೆನಪಿತ್ತು, ನೋಡುವವರ ನೆನಪಿರಲಿಲ್ಲ. ಮಂಗಳವಾರ, ಗುರುವಾರ ಸಂಜೆ ಮ್ಯಾಚ್. ಇಳಿಹೊತ್ತಿನ ಅಸರ್ ನಮಾಜು ಮುಗಿಯುವುದರೊಳಗೆ ಕಾರುಗಳು ಗಲ್ಲಿ ಸುತ್ತಲು ಶುರು ಮಾಡುತ್ತವೆ. ಮೊದಲು ಮೂಲೆಯ ಮರಳಿನ ಬಯಲು ತುಂಬುತ್ತದೆ. ಆಮೇಲೆ ಫುಟ್‌ಪಾತು. ಆಮೇಲೆ ಪಳ್ಳಿಯ ಬಾಗಿಲು, ಎಂದರೆ ಮಸೀದಿಯದ್ದು. ಎಲ್ಲಿಯೂ ಸಿಗದಿದ್ದರೆ ಇನ್ನೊಬ್ಬರ ಕಾರಿಗೆ ಅಡ್ಡ ನಿಲ್ಲಿಸಿ, ಗಾಜಿನ ಒಳಗೆ ತಮ್ಮ ಫೋನ್ ನಂಬರಿನ ಚೀಟಿ ಇಟ್ಟು ಹೋಗುತ್ತಾರೆ. ಅದು ಇಲ್ಲಿಯ ರೂಢಿ. ಬೇರೆ ದಿನ ಫೋನ್ ಮಾಡಿದರೆ ಓಡಿ ಬಂದು ಕಾರು ತೆಗೆಯುತ್ತಾರೆ. ಮ್ಯಾಚಿನ ದಿನ ಮಾಡಿದರೆ ಎತ್ತುವುದಿಲ್ಲ. ಒಳಗಿನ ಬೊಬ್ಬೆಯಲ್ಲಿ ಯಾರ ಫೋನು ಯಾರಿಗೆ ಕೇಳುತ್ತದೆ?

ಸಾರಮ್ಮ ಇರುವ ಕಟ್ಟಡದ ತಳ ಪೂರ್ತಿ ಖಾಲಿ. ಬರೀ ಕಂಬಗಳು, ಕಂಬಗಳ ನಡುವೆ ಬಾಡಿಗೆಯವರ ಕಾರಿನ ಜಾಗ. ಮುಂದೆ ಕಬ್ಬಿಣದ ಗೇಟು. ಗೇಟಿನಲ್ಲಿ ವಾಚ್‌ಮ್ಯಾನ್ ಮೋಹನದಾಸ, ಕಾರ್ಕಳದ ಕಡೆಯವನು. ಕಾಲೇಜಿಗೆ ಇಷ್ಟು ಹತ್ತಿರ, ನೆರಳಿನ ಇಂಥ ಜಾಗ ಇಡೀ ಹೂರಾದಲ್ಲಿ ಬೇರೆ ಇಲ್ಲ. ಮೋಹನದಾಸ ಹೊರಗಿನ ಒಂದು ಸೈಕಲನ್ನೂ ಒಳಗೆ ಬಿಡುತ್ತಿರಲಿಲ್ಲ.

ಸಾರಮ್ಮ ಉಪ್ಪಿನಂಗಡಿಯ ಕಡೆಯವಳು. ನಾಲ್ಕನೆಯ ಕ್ಲಾಸಿನವರೆಗೆ ಕಲಿತವಳು. ಮದುವೆಯಾಗಿ ಎಷ್ಟೋ ವರ್ಷ ಊರಲ್ಲೇ ಇದ್ದು, ಮಗಳು ಫಿದಾಳನ್ನು ಮದುವೆ ಮಾಡಿ ಕೊಟ್ಟ ಮೇಲೆ ಗಂಡನ ಹತ್ತಿರ ಬಂದಳು. ಬಂದವಳು ಸುಮ್ಮನೆ ಕೂರಲಿಲ್ಲ. ಪತ್ತಿರ್ ತಟ್ಟಿ ಹತ್ತಿರದ ಹೋಟೆಲಿಗೆ ಕೊಡುತ್ತಿದ್ದಳು. ಅವಳ ಅಕ್ಕಿರೊಟ್ಟಿ ತೆಳ್ಳಗೆ, ಒಂದಕ್ಕೊಂದು ಅಂಟುತ್ತಿರಲಿಲ್ಲ. ಮಾತು ಮಾತ್ರ ದಪ್ಪ. ಹೇಳುವುದನ್ನು ಹೇಳಿಬಿಡುತ್ತಿದ್ದಳು.

ಗಂಡ ಅಬ್ದುಲ್ ಅಜೀಜ್‌ಗೆ ಕೋಲ್ಡ್ ಸ್ಟೋರಿನಲ್ಲಿ ಕೆಲಸ. ಇಲ್ಲಿ ಸಣ್ಣ ದಿನಸಿ ಅಂಗಡಿಗೆ ಹಾಗೆ ಹೇಳುತ್ತಾರೆ. ಗಿರಾಕಿಗಳು ಅಂಗಡಿಯ ಒಳಗೆ ಬರುವುದಿಲ್ಲ. ಕಾರು ಮುಂದೆ ನಿಲ್ಲಿಸಿ ಹಾರನ್ ಹೊಡೆಯುತ್ತಾರೆ. ಅಂಗಡಿಯವನು ಓಡಿ ಹೋಗಿ ಕಿಟಕಿಯ ಹತ್ತಿರ ನಿಂತು ಏನು ಬೇಕೆಂದು ಕೇಳಬೇಕು, ಒಳಗೆ ಬಂದು ತೆಗೆದುಕೊಳ್ಳಬೇಕು, ಮತ್ತೆ ಓಡಬೇಕು. ಎರಡು ರೊಟ್ಟಿಗೂ ಓಟ, ಒಂದು ಬಾಟ್ಲಿ ನೀರಿಗೂ ಓಟ. ಆಗಸ್ಟಿನ ಬಿಸಿಲಿಗೂ ಅದೇ ಓಟ. ಅವರೆಲ್ಲ ಅವನನ್ನು ಕರೆಯುತ್ತಿದ್ದದ್ದು ಸದೀಕ್ ಎಂದು. ಸದೀಕ್ ಎಂದರೆ ಗೆಳೆಯ. ಗೆಳೆಯನ ಹೆಸರು ಏನೆಂದು ಒಬ್ಬರೂ ಕೇಳಿದವರಲ್ಲ.

ಸತ್ತದ್ದೂ ಹಾಗೆಯೇ. ನೀರಿನ ಪೆಟ್ಟಿಗೆ ಎತ್ತಿಕೊಂಡು ಒಂದು ಕಾರಿನ ಕಡೆ ನಡೆಯುತ್ತಿದ್ದವನು ಕಾರಿನ ಹಿಂದೆ ಕುಸಿದು ಬಿದ್ದ. ಕಾರಿನವನಿಗೆ ಕಾಣಿಸಲಿಲ್ಲ. ತಡವಾಯಿತೆಂದು ಇನ್ನೊಮ್ಮೆ ಹಾರನ್ ಹೊಡೆದನಂತೆ. ಆ ಹಾರನ್ನಿನ ಸಂಗತಿಯನ್ನು ಸಾರಮ್ಮನಿಗೆ ಯಾರಾದರೂ ಹೇಳಬೇಕಿತ್ತೇ? ಹೇಳಿದರು. ಜನರಿಗೆ ಅಷ್ಟೂ ತಿಳಿಯುವುದಿಲ್ಲ.

ಮನಾಮಾದ ಕಬರ್‌ಸ್ತಾನದಲ್ಲಿ ಮಣ್ಣು ಮಾಡಿದರು. ಗಂಡ ಇದ್ದ ಮನೆಯಲ್ಲೇ ಸಾರಮ್ಮ ಇದ್ದತ್ ಕೂತಳು. ನಾಲ್ಕು ತಿಂಗಳು ಹತ್ತು ದಿನ ಬಿಳಿ ಬಟ್ಟೆ. ಹೊಸ್ತಿಲು ದಾಟುವ ಹಾಗಿಲ್ಲ, ಪರಗಂಡಸರ ಎದುರು ಬರುವ ಹಾಗಿಲ್ಲ.

ಕಟ್ಟಡದ ಧಣಿ ಬಹ್ರೇನಿನ ಒಬ್ಬ ಮುದುಕ, ಅರಾದಿನಲ್ಲಿ ಇರುವವರು. ಎಲ್ಲರೂ ಅವರನ್ನು ಬಾಬಾ ಎನ್ನುತ್ತಾರೆ. ಮಣ್ಣಿಗೆ ಅವರೂ ಬಂದಿದ್ದರು. ಮಣ್ಣು ಮುಗಿಸಿ ಹೋಗುವಾಗ ಕಟ್ಟಡದ ಗೇಟಿನಲ್ಲಿ ನಿಂತು ಮೋಹನದಾಸನಿಗೆ ಹೇಳಿದರು: "ಈ ಹೆಂಗಸು ಇದ್ದತ್ ಮುಗಿಯುವವರೆಗೆ ಇಲ್ಲೇ ಇರಲಿ. ಅವಳನ್ನು ನೋಡಲು ಬರುವವರ ಕಾರು ಒಳಗೆ ಬಿಡು. ನೀನು ಯಾರು, ಎಲ್ಲಿಂದ ಎಂದು ಕೇಳಬೇಡ. ಅಳಲು ಬಂದವರನ್ನು ಪ್ರಶ್ನೆ ಕೇಳಬಾರದು."

ಒಳ್ಳೆಯ ಮಾತು. ಆ ಒಳ್ಳೆಯ ಮಾತಿನಿಂದಲೇ ಎಲ್ಲ ಕೆಟ್ಟಿತು.

ಬರುವವರು ಬಂದರು. ಗಂಡನ ಅಕ್ಕನ ಮಗಳು ಅಫೀಫಾ ಅದ್ಲಿಯಾದಿಂದ, ತನ್ನ ಗಂಡ ಅಫ್ಸಲನ ಕಾರಿನಲ್ಲಿ ಬಂದಳು. ಅವಳೊಟ್ಟಿಗೆ ಅಫ್ರಾ, ಅವಳ ಗೆಳತಿ. ಕೆಲವೊಮ್ಮೆ ಇನ್ನೂ ಇಬ್ಬರು ಮೂವರು ಹೆಂಗಸರು. ಸಂಜೆ ಬಂದು ಚಾಪೆಯಲ್ಲಿ ಕೂರುತ್ತಿದ್ದರು. ಕುರಾನಿನ ಯಾಸೀನ್ ಓದುತ್ತಿದ್ದರು. ಸಾರಮ್ಮ ಚಾ ಮಾಡುತ್ತಿದ್ದಳು. ಬೇಡ ಮಾಮಿ ಎಂದರೂ ಬಿಡದೆ ಪತ್ತಿರ್ ಕೂಡ ತಟ್ಟುತ್ತಿದ್ದಳು. ಅವರು ಬಹಳ ಹೊತ್ತು ಕೂರುತ್ತಿದ್ದರು. ಹೆಚ್ಚು ಮಾತಿಲ್ಲ. ಆಗಾಗ ಫೋನು ನೋಡುತ್ತಿದ್ದರು. ಈ ಕಾಲದಲ್ಲಿ ಯಾರು ನೋಡುವುದಿಲ್ಲ? ಎದುರಿನ ಹಾಲಿನಿಂದ ಒಮ್ಮೊಮ್ಮೆ 'ಹೋ' ಎಂದು ಬೊಬ್ಬೆ ಬಂದರೆ ಅಫೀಫಾ, ಅಫ್ರಾ ಬೆಚ್ಚಿ ಮುಖ ಮುಖ ನೋಡಿಕೊಳ್ಳುತ್ತಿದ್ದರು. ಸಾವಿನ ಮನೆಯ ಎದುರು ಹೀಗೆ ಕೂಗುತ್ತಾರಲ್ಲ ಎಂದು ಅವರಿಗೆ ಸಂಕಟವಾಗುತ್ತದೆ ಎಂದುಕೊಂಡಳು ಸಾರಮ್ಮ.

ಆ ಸಂಜೆಗಳಿಗಾಗಿ ಅವಳು ಕಾಯುತ್ತಿದ್ದಳು. ಇದ್ದತಿನಲ್ಲಿ ಕೂತವಳಿಗೆ ವಾರದ ದಿನಗಳ ಲೆಕ್ಕ ತಪ್ಪಿಹೋಗಿತ್ತು. ಬಾಗಿಲು ಬಡಿದರೆ ಸಾಕು, ಎದ್ದು ಓಡುತ್ತಿದ್ದಳು. ಫೋನಿನಲ್ಲಿ ಮಗಳು ಅತ್ತರೆ ಅವಳೇ ಸಮಾಧಾನ ಹೇಳುತ್ತಿದ್ದಳು: "ನೀನು ಅಳ್ಬೇಡ. ನಾನು ಒಬ್ಬಳೇ ಇಲ್ಲ. ಅಫೀಫಾ ಬರ್ತಾಳೆ. ಇಲ್ಲಿಯ ಜನ ಒಳ್ಳೆಯವ್ರು."

ಆ ಮಾತು ನೆನಪಾದರೆ ಈಗಲೂ ಅವಳಿಗೆ ನಾಲಿಗೆ ಕಚ್ಚಿಕೊಳ್ಳಬೇಕೆನಿಸುತ್ತದೆ.

ಒಂದು ಸಂಜೆ ಅಫೀಫಾ, ಅಫ್ರಾ ಕೂತಿದ್ದಾಗ ಯಾರೋ ಬಾಗಿಲಿಗೆ ಗುದ್ದಿದರು. ಬಡಿದದ್ದಲ್ಲ, ಗುದ್ದಿದ್ದು. ಎರಡನೆಯ ಮಾಳಿಗೆಯ ಲಾನ್ಸೆಲೊಟ್. ಅದ್ಲಿಯಾದ ಹೋಟೆಲಿನಲ್ಲಿ ಕೆಲಸ, ಊರು ಬಜಪೆಯ ಹತ್ತಿರ.

"ಸಾರಮ್ಮಾ, ಬಾಗಿಲು ತೆಗೀಬೇಡಿ. ನಿಮ್ಮ ಕಟ್ಟಳೆ ನಂಗೆ ಗೊತ್ತುಂಟು. ಅಲ್ಲಿಂದ್ಲೇ ಕೇಳಿ. ನಿಮ್ಮ ದುಃಖ ಇನ್ನೆಷ್ಟು ಕಾರಿನದ್ದು ಮಾರಾಯ್ರೆ?"

ಸಾರಮ್ಮ ಬಾಗಿಲಿನ ಹಿಂದೆ ನಿಂತಳು. "ಎಂತ ಕಾರು?"

"ಎಂತ ಕಾರಾ? ಕೆಳಗೆ ಹೋಗಿ ನೋಡಿ. ಹೋಗ್ಲಿಕ್ಕಿಲ್ಲ ಅಲ್ವಾ ನೀವು, ನಾನೇ ಹೇಳ್ತೇನೆ. ನನ್ನ ಜಾಗದಲ್ಲಿ ಒಂದು ಬಿಳಿ ಜೀಪು. ಅದರ ಬೆನ್ನಿಗೆ ಇನ್ನೊಂದು. ಕಂಬಕ್ಕೆ ತಾಗಿಸಿ ಒಂದು. ಲಿಫ್ಟಿನ ಬಾಯಿಗೆ ಒಂದು. ಬೆಳಗ್ಗಿಂದ ನಿಂತು ನಿಂತು ಕಾಲು ಬೀಗಿ ಬಂದಿದ್ದೇನೆ, ನನ್ನ ಕಾರು ಬೀದಿಯಲ್ಲಿ! ವಾಚ್‌ಮ್ಯಾನ್‌ನ ಕೇಳಿದ್ರೆ, ಎಲ್ಲ ಸಾರಮ್ಮಕ್ಕನ ದುಃಖಕ್ಕೆ ಬಂದವ್ರು ಅಂತಾನೆ."

"ನಮ್ಮಲ್ಲಿಗೆ ಇವತ್ತು ಬಂದದ್ದು ಇಬ್ಬರು ಹೆಂಗಸ್ರು."

"ಹಾಗಾದ್ರೆ ಉಳಿದವ್ರು ಎಲ್ಲಿ ಅಳ್ತಾ ಇದ್ದಾರೆ? ಬಾಸ್ಕೆಟ್‌ಬಾಲ್ ಹಾಲಲ್ಲಾ?"

ಅಷ್ಟರಲ್ಲಿ ಎದುರಿನ ಹಾಲಿನಿಂದ ಬೊಬ್ಬೆ ಬಂತು. ದೊಡ್ಡ ಬೊಬ್ಬೆ. ಚಾಪೆಯಲ್ಲಿ ಕೂತಿದ್ದ ಅಫ್ರಾ ಎಲ್ಲ ಮರೆತು ಕೇಳಿಬಿಟ್ಟಳು: "ಎಷ್ಟಾಯ್ತು?"

ಸಾರಮ್ಮ ತಿರುಗಿದಳು. ಅಫೀಫಾ ಫೋನನ್ನು ಮಡಿಲಲ್ಲಿ ಬೋರಲು ಹಾಕಿದಳು.

"ಇವತ್ತು ಮ್ಯಾಚಾ?"

"ಹೌದು ಮಾಮಿ. ನಮ್ಮ ಇಜಾಝ್ ಕಾಲೇಜಿನ ಟೀಮಲ್ಲಿ ಇದ್ದಾನಲ್ಲ..."

"ಮೊನ್ನೆ ಬಂದ ದಿನ?"

ಅಫೀಫಾ ಗ್ಲಾಸಿನ ಚಾ ನೋಡಿದಳು.

"ಅದಕ್ಕಿಂತ ಮೊದಲು? ನಾನು ಸತ್ತವರ ಹೆಸರಲ್ಲಿ ಚಾ ಕಾಯಿಸುದು, ನೀವು ಕುಡಿದು ಸ್ಕೋರು ನೋಡುದು. ಹೌದಾ?"

"ಹಾಗೆಲ್ಲ ಹೇಳ್ಬೇಡಿ ಮಾಮಿ. ಮಗ ಆಡುವಾಗ ಅಫ್ಸಲ್ ಅವ್ರಿಗೆ ನೋಡದಿದ್ರೆ ಆಗುದಿಲ್ಲ. ಕಾರು ಎಲ್ಲಿ ನಿಲ್ಲಿಸುದು? ಹೋದ ವರ್ಷ ಫುಟ್‌ಪಾತಲ್ಲಿ ನಿಲ್ಲಿಸಿ ಫೈನ್ ಬಿತ್ತು. ನಾನು ಹೇಗೂ ನಿಮ್ಮನ್ನ ನೋಡ್ಲಿಕ್ಕೆ ಬರುದೇ. ಬರುವ ದಿನ ಅದೇ ಆದ್ರೆ ಎಂತ ತಪ್ಪು?"

"ಉಳಿದ ಕಾರು ಯಾರದ್ದು?"

"ಅದು ಅಫ್ಸಲ್ ಅವ್ರು ಯಾರಿಗೋ ಒಬ್ರಿಗೆ ಹೇಳಿದ್ದು. ಅವ್ರು ಮತ್ತೊಬ್ರಿಗೆ."

"ಎಂತ ಹೇಳಿದ್ದು?"

"ಗೇಟಲ್ಲಿ, ಸಾವಿನ ಮನೆಗೆ ಅಂತ ಹೇಳಿದ್ರೆ ಬಿಡ್ತಾರೆ ಅಂತ."

"ಮ್ಯಾಚ್ ಇಲ್ಲದ ದಿನ ನೀನು ಒಮ್ಮೆ ಈ ಮೆಟ್ಟಿಲು ಹತ್ತಿದ್ದುಂಟಾ ಮಗಳೇ?"

ಅಫೀಫಾ ಯೋಚಿಸಿದಳು. ಯೋಚಿಸಬೇಕಾಯಿತು ಎಂದಾಗಲೇ ಸಾರಮ್ಮನಿಗೆ ಉತ್ತರ ಸಿಕ್ಕಿತು.

"ಏಳಿ. ಹೋಗಿ."

"ಮ್ಯಾಚ್ ಇನ್ನೂ ಮುಗೀಲಿಲ್ಲ," ಎಂದಳು ಅಫ್ರಾ. ಹೇಳಿದ ಮೇಲೆ ಬಾಯಿಗೆ ಕೈ ಇಟ್ಟುಕೊಂಡಳು. ಸಾರಮ್ಮ ಇಬ್ಬರ ಎದುರಿನಿಂದಲೂ ಚಾದ ಗ್ಲಾಸು ತೆಗೆದು ಒಳಗೆ ಹೋದಳು. ಅರ್ಧ ಕುಡಿದ ಚಾವನ್ನು ತೊಟ್ಟಿಗೆ ಚೆಲ್ಲಿದಳು. ಅವರು ಹೋದ ಸದ್ದು ಕೇಳಿದ ಮೇಲೆ ಬಾಗಿಲಿಗೆ ಚಿಲಕ ಹಾಕಿದಳು.

ಮರುದಿನ ಬಾಬಾನ ಫೋನ್ ಬಂತು. ಅವರ ಮಾತು ಅರ್ಧ ಹಿಂದಿ, ಅರ್ಧ ಅರಬಿ. ಸಾರಮ್ಮನಿಗೆ ತಿಳಿಯುತ್ತಿತ್ತು. ಮಗಳ ಹೆಸರು ಹಿಡಿದು ಅವಳನ್ನು ಉಮ್ ಫಿದಾ ಎಂದು ಕರೆಯುತ್ತಿದ್ದರು.

"ಉಮ್ ಫಿದಾ, ಒಂದು ಮಾತು ಕೇಳಿದೆ. ನೀನು ಕಾರಿನವರಿಂದ ದುಡ್ಡು ತೆಗೆದುಕೊಂಡು ನನ್ನ ಜಾಗ ಕೊಡುತ್ತೀಯಂತೆ. ಕಟ್ಟಡದವರು ಹೇಳುತ್ತಾರೆ. ನಾನು ನಿನಗೆ ಮಾಡಿದ್ದು ದಯೆ. ಅದನ್ನು ನೀನು ಅಂಗಡಿ ಮಾಡಿದೆಯಾ?"

ಸಾರಮ್ಮ ಕೂತಲ್ಲಿಂದ ಎದ್ದಳು. ಹೆದರಿಕೆಗೆ ಅಲ್ಲ.

"ಯಾರು ಹೇಳಿದ್ದು ಬಾಬಾ?"

"ಯಾರಾದರೂ ಆಗಲಿ. ನಿಜವಾದರೆ ಹೇಳು. ಬೇರೆ ಮನೆ ನೋಡಿಕೋ."

ಇದ್ದತಿನ ನಡುವೆ ಬೇರೆ ಮನೆ! ಗಂಡ ಬಿಟ್ಟು ಹೋದ ಮನೆಯಿಂದ ನಡುವಿನಲ್ಲಿ ಎದ್ದು ಹೋಗುವುದೆಂದರೆ ಏನು ಎಂದು ಆ ಮುದುಕನಿಗೆ ತಿಳಿಯದ್ದೇನಲ್ಲ. ತಿಳಿದೇ ಹೇಳಿದ್ದು. ಹೊರಗೆ ಹಾಕಿಸಿಕೊಂಡವಳು ಎಂಬ ಹೆಸರು ಹೊತ್ತು ಊರಿಗೆ ಹೋಗಬೇಕು. ಗಂಡನ ಸಾವಿನ ಮೇಲೆ ಕಾರು ನಿಲ್ಲಿಸಿ ದುಡ್ಡು ಮಾಡಿದವಳು ಎಂದು ಊರು ಹೇಳುತ್ತದೆ.

"ಇದರಲ್ಲಿ ನಂದು ಒಂದು ಕಾಸೂ ಇಲ್ಲ," ಎಂದಳು. "ಯಾರು ಮಾಡಿದ್ದೆಂದು ನಿಮಗೆ ಗೊತ್ತು ಮಾಡಿ ಕೊಡ್ತೇನೆ. ಆಮೇಲೆ ಹೊರಗೆ ಹಾಕುದಾದ್ರೆ ಹಾಕಿ." ಬಾಬಾ ಹೂಂ ಎಂದು ಫೋನ್ ಇಟ್ಟರು.

ಸಾರಮ್ಮ ಕಿಟಕಿಯ ಹತ್ತಿರ ಕೂತು ಗೇಟನ್ನೇ ನೋಡಿದಳು. ಇಳಿದು ಹೋಗುವ ಹಾಗಿದ್ದರೆ ಗೇಟಿಗೆ ಅಡ್ಡ ನಿಂತು ಒಬ್ಬೊಬ್ಬನ ಮುಖಕ್ಕೂ ಹೇಳುತ್ತಿದ್ದಳು. ಇಳಿಯುವ ಹಾಗಿಲ್ಲ. ಕೊನೆಗೆ ಮೋಹನದಾಸನಿಗೆ ಫೋನ್ ಮಾಡಿದಳು.

"ಮೋಹನಣ್ಣ, ಇನ್ನು ಮೇಲೆ ಬಂದವ್ರನ್ನ ಒಂದು ಮಾತು ಕೇಳಿ."

"ಬಾಬಾ ಎಂತದೂ ಕೇಳ್ಬಾರ್ದು ಹೇಳಿದ್ದಾರೆ ಸಾರಮ್ಮಕ್ಕ."

"ಒಂದೇ ಮಾತು. ಸತ್ತವರ ಹೆಸರೇನು ಅಂತ ಕೇಳಿ. ಹೇಳಿದ್ರೆ ಬಿಡಿ. ಹೇಳದಿದ್ರೆ ಬಿಡ್ಬೇಡಿ. ಅಳ್ಲಿಕ್ಕೆ ಬಂದವ್ರಿಗೆ ಯಾರಿಗೆ ಅಳುದು ಅಂತ ಗೊತ್ತಿರ್ಬೇಕಲ್ಲ?"

ಮೋಹನದಾಸ ಸ್ವಲ್ಪ ನಕ್ಕ. "ಇದು ಸರಿ ಉಂಟು. ಆದ್ರೆ ಯಾವ ಹೆಸರು ಹೇಳಿದ್ರೆ ಸರಿ ಅಂತ ಲೆಕ್ಕ?"

ಗಂಡನ ಹೆಸರನ್ನು ಸಾರಮ್ಮ ಬಾಯಿ ಬಿಟ್ಟು ಹೇಳಿದವಳಲ್ಲ. ಅವಳ ಕಾಲದ ಹೆಂಗಸರು ಹೇಳುತ್ತಿರಲಿಲ್ಲ. ಆಸ್ಪತ್ರೆಯಲ್ಲಿ ಕೇಳಿದಾಗಲೂ ಅವನ ಗುರುತಿನ ಕಾರ್ಡು ಚಾಚಿದವಳು.

ಮೋಹನದಾಸನೇ ಹೇಳಿದ: "ನಂಗೆ ಗೊತ್ತುಂಟು ಅಕ್ಕ. ಅಜೀಜಾಕನ ಹೆಸರು ನೀವು ಹೇಳ್ಬೇಕಾ?"

ಮುಂದಿನ ಮ್ಯಾಚಿನ ಸಂಜೆ ಗೇಟಿನಲ್ಲಿ ದೊಡ್ಡ ಗಲಾಟೆ. ಒಳಗೆ ಬಂದವರು ಯಾರೂ ಇಲ್ಲ. ಕತ್ತಲಾದ ಮೇಲೆ ಮೋಹನದಾಸ ಫೋನ್ ಮಾಡಿ ವರದಿ ಒಪ್ಪಿಸಿದ.

"ಒಬ್ಬ ಮುಹಮ್ಮದ್ ಅಂದ. ಹೇಗೂ ಯಾವುದಾದ್ರೂ ಮುಹಮ್ಮದ್ ಇರ್ತದೆ ಅಂತ. ಒಬ್ಬ ಅಂಕಲ್ ಅಂದ. ಒಬ್ಬ ಹೇಳ್ತಾನೆ, ಕೋಲ್ಡ್ ಸ್ಟೋರಿನ ಸದೀಕ್. ಹೆಸರು ಅಂದೆ. ಸತ್ತವನಿಗೆ ಹೆಸರು ಯಾಕೆ ಸದೀಕ್ ಅಂತ ನನ್ನನ್ನೇ ಕೇಳಿದ. ನಾನೂ ಸದೀಕ್ ಅಕ್ಕ, ನೋಡಿ."

ಲಾನ್ಸೆಲೊಟ್ ಮೆಟ್ಟಿಲಲ್ಲಿ ಹೋಗುವಾಗ ಬಾಗಿಲಿನ ಹೊರಗಿನಿಂದ ಕೂಗಿದ: "ಸಾರಮ್ಮಾ, ಇವತ್ತು ನನ್ನ ಜಾಗದಲ್ಲಿ ನನ್ನ ಕಾರೇ ಉಂಟು! ಫೋಟೋ ತೆಗೆದು ಊರಿಗೆ ಕಳಿಸಿದ್ದೇನೆ."

ಬೇರೆಯವರಾಗಿದ್ದರೆ ನಗುತ್ತಿದ್ದರು. ಸಾರಮ್ಮನಿಗೆ ಸಿಟ್ಟು ಇನ್ನೂ ಏರಿತು. ಮುಹಮ್ಮದ್, ಅಂಕಲ್, ಸದೀಕ್. ಇವರ ಕಾರಿನ ಕಿಟಕಿಗೆ ಅವನು ನೀರು ಕೊಟ್ಟಿದ್ದ. ಇವರ ಮಕ್ಕಳಿಗೆ ಐಸ್‌ಕ್ರೀಮು ಕೊಟ್ಟಿದ್ದ. ಚಿಲ್ಲರೆ ಇಲ್ಲದವರಿಗೆ ನಾಳೆ ಕೊಡಿ ಎಂದಿದ್ದ. ಅವನಿಗೆ ಅವರ ಕಾರು ಗೊತ್ತಿತ್ತು, ಮಕ್ಕಳು ಗೊತ್ತಿದ್ದರು, ಯಾರಿಗೆ ಯಾವ ಸಿಗರೇಟು ಎಂದು ಗೊತ್ತಿತ್ತು. ಅವರಿಗೆ ಅವನದ್ದು ಒಂದು ಹೆಸರು ಗೊತ್ತಿಲ್ಲ. ಹೆಸರು ಗೊತ್ತಿಲ್ಲದೆ ಅವನ ಸಾವನ್ನು ಮಾತ್ರ ಬಳಸಿಕೊಂಡರು. ಅವಳು ಆ ದಿನ ಉಣ್ಣಲಿಲ್ಲ.

ಗುರುವಾರ ಸೆಮಿಫೈನಲ್.

ಸಂಜೆ ಸಾರಮ್ಮ ನಮಾಜಿನ ಮುಸಲ್ಲಾ ಮಡಿಸುತ್ತಿದ್ದಾಗ ಕೆಳಗಿನಿಂದ ಗಂಡನ ಹೆಸರು ಕೇಳಿಸಿತು.

ಮೊದಲು ತಲೆ ಕೆಟ್ಟಿತೇ ಎಂದುಕೊಂಡಳು. ಆಮೇಲೆ ಇನ್ನೊಮ್ಮೆ ಕೇಳಿಸಿತು. ಬೇರೆ ದನಿ. "ಅಬ್ದುಲ್ ಅಜೀಜ್!" ಆಮೇಲೆ ಇನ್ನೊಂದು ದನಿ. ನಗು. ಹಾರನ್ನು. ಕಿಟಕಿಯ ಪರದೆ ಸರಿಸಿ ನೋಡಿದಳು. ಗೇಟಿನ ಮುಂದೆ ಕಾರಿನ ಸಾಲು. ಕಾರಿನೊಳಗೆ ಕಾಲೇಜಿನ ಹುಡುಗರು, ಕೊರಳಿಗೆ ಟೀಮಿನ ಬಣ್ಣದ ಶಾಲು. ಒಂದೊಂದು ಕಾರೂ ಮುಂದೆ ಬರುವುದು, ಕಿಟಕಿ ಇಳಿಯುವುದು, ಒಳಗಿನಿಂದ ಎಲ್ಲರೂ ಸೇರಿ ಕೂಗುವುದು: "ಅಬ್ದುಲ್ ಅಜೀಜ್!" ಮೋಹನದಾಸ ಗೇಟು ತೆಗೆಯುವುದು. ಒಬ್ಬ ಡೋಲು ತಂದಿದ್ದ. ಆ ಹೆಸರಿಗೆ ತಾಳ ಹಾಕಿ ಬಾರಿಸುತ್ತಿದ್ದ. ಅಬ್ದುಲ್ - ಡಂ - ಅಜೀಜ್ - ಡಂ.

ಸಾರಮ್ಮ ಮೋಹನದಾಸನಿಗೆ ಫೋನ್ ಮಾಡಿದಳು.

"ಎಂತ ಅದು? ಎಂತ ಅದು ಕೆಳಗೆ?"

"ಅಕ್ಕಾ, ಯಾರೋ ಹೆಸರು ತಿಳ್ಕೊಂಡು ಕಾಲೇಜಿನವ್ರ ವಾಟ್ಸಾಪಿಗೆ ಹಾಕಿದ್ದಾರಂತೆ. ಈ ಗೇಟಲ್ಲಿ ಈ ಹೆಸರು ಹೇಳಿದ್ರೆ ಪಾರ್ಕಿಂಗ್ ಅಂತ. ನಾನೆಂತ ಮಾಡ್ಲಿ? ಹೆಸರು ಸರಿ ಹೇಳ್ತಾರೆ. ನೀವೇ ಹೇಳಿದ್ದಲ್ವಾ, ಹೇಳಿದವ್ರನ್ನ ಬಿಡಿ ಅಂತ?"

ಬದುಕಿದ್ದಾಗ ಒಬ್ಬನೂ ಕರೆಯದ ಹೆಸರು. ಈಗ ಹಾದಿಬೀದಿಯವರೆಲ್ಲ ಡೋಲು ಬಾರಿಸಿ ಕೂಗುತ್ತಿದ್ದರು, ಕಾರು ನಿಲ್ಲಿಸಲು.

ಅವಳು ಬಾಬಾನಿಗೆ ಫೋನ್ ಮಾಡಿದಳು. ಸಲಾಂ ಕೂಡ ಹೇಳಲಿಲ್ಲ.

"ಬಾಬಾ, ಕೇಳಿ."

"ಏನು ಕೇಳಬೇಕು ಉಮ್ ಫಿದಾ?"

ಅವಳಿಗೆ ಹೇಳಲು ಆಗಲಿಲ್ಲ. ಆ ಹೆಸರು ಬಾಯಿಗೆ ಬರಲಿಲ್ಲ. ಕಿಟಕಿಯ ಗಾಜು ಸರಿಸಿ, ಕೈ ಪೂರ್ತಿ ಹೊರಗೆ ಚಾಚಿ ಫೋನನ್ನು ಗೇಟಿನ ಕಡೆ ಹಿಡಿದಳು. ಬಿಳಿ ತೋಳು ಹೊರಗೆ ಕಂಡರೆ ಕಾಣಲಿ. ಕೆಳಗೆ ಒಂದು ಕಾರು ಬಂತು, ಕೂಗಿತು, ಹೋಯಿತು. ಇನ್ನೊಂದು ಬಂತು. ಡೋಲು. ನಗು. ಮತ್ತೊಂದು. ತೋಳು ಸೋಲುವವರೆಗೆ ಹಿಡಿದಳು. ಆಮೇಲೆ ಕಿವಿಗೆ ತಂದಳು.

"ಅದು ನಿನ್ನ ಗಂಡನ ಹೆಸರು," ಎಂದರು ಬಾಬಾ.

"ಹೌದು."

"ನಗುತ್ತಿದ್ದಾರೆ."

"ಹೌದು ಬಾಬಾ. ಮದುವೆಯಾದಂದಿನಿಂದ ನಾನು ಬಾಯಿಗೆ ತೆಗೆಯದ ಹೆಸರು ಅದು. ಅದನ್ನ ನಾನು ಮಾರ್ತೇನಾ? ಹೇಳಿ. ಮಾರ್ತೇನಾ?"

"ಇಲ್ಲ," ಎಂದರು ಬಾಬಾ. "ಖಲಾಸ್. ನಾನು ಕೇಳಿದ್ದು ತಪ್ಪು. ಈ ಮನೆಯಲ್ಲಿ ನಿನ್ನನ್ನು ಯಾರೂ ಮುಟ್ಟುವುದಿಲ್ಲ."

"ನೀವು ಕೊಟ್ಟ ಮಾತು ಹಿಂದೆ ತೆಗೊಳ್ಳಿ. ಗೇಟು ಮುಚ್ಚಿ. ನನ್ನ ಹೆಸರಲ್ಲಿ, ಅವರ ಹೆಸರಲ್ಲಿ ಒಂದು ಕಾರೂ ಒಳಗೆ ಬರ್ಬಾರ್ದು."

"ಯೋಚಿಸು. ಗೇಟು ಮುಚ್ಚಿದರೆ ನಿಜವಾಗಿ ಬರುವವರಿಗೂ ಮುಚ್ಚಿದ ಹಾಗೆ. ನಾಳೆ ಯಾರೂ ಬರಲಿಲ್ಲ ಎಂದರೆ?"

"ಬರುವವರಿಗೆ ಕಾಲು ಉಂಟು."

ಬಾಬಾ ಮೋಹನದಾಸನಿಗೆ ಅಪ್ಪಣೆ ಕೊಟ್ಟರು. ಗೇಟಿಗೆ ಬೀಗ, ನಡೆದು ಬರುವವರಿಗೆ ಬದಿಯ ಸಣ್ಣ ಬಾಗಿಲು. ಬಾಡಿಗೆಯವರಿಗೆ ಮಾತ್ರ ತೆಗೆಯಬೇಕು. ಒಳಗೆ ಬಂದಿರುವ ಹೊರಗಿನ ಕಾರು ಒಳಗೇ ಇರಲಿ, ಬೇಕಾದವರು ಅರಾದಿಗೆ ಬಂದು ತನ್ನನ್ನು ಕೇಳಲಿ.

ಮ್ಯಾಚು ಮುಗಿದು ಬಂದವರು ಗೇಟು ಹಿಡಿದು ಅಲ್ಲಾಡಿಸಿದರು. ಬೈದರು. ಈಗ ಯಾವ ಹೆಸರು ಹೇಳಿದರೂ ಗೇಟು ತೆರೆಯಲಿಲ್ಲ. ಸ್ವಲ್ಪ ಹೊತ್ತಿನಲ್ಲಿ ಸಾರಮ್ಮನ ಬಾಗಿಲು ಬಡಿಯಿತು.

"ಮಾಮಿ, ನಾನು ಅಫೀಫಾ. ನಮ್ಮ ಕಾರು ಒಳಗೆ ಉಂಟು. ಬಿಡ್ಲಿಕ್ಕೆ ಹೇಳಿ."

"ನಿನ್ನ ಗಂಡನೂ ಆ ಹೆಸರು ಕೂಗಿಯೇ ಒಳಗೆ ಬಂದದ್ದಾ?"

"ಕೂಗ್ಲಿಲ್ಲ. ಮೆಲ್ಲಗೆ ಹೇಳಿದ್ದು."

"ಅರಾದಿಗೆ ಹೋಗು."

"ಇಜಾಝ್‌ಗೆ ಕಾಲು ಉಳುಕಿದೆ ಮಾಮಿ. ಅವ ಟ್ಯಾಕ್ಸಿಯಲ್ಲಿ ಹೋಗ್ಬೇಕಾ? ನಿಮ್ಗೆ ಕರುಣೆ ಇಲ್ವಾ?"

"ಇತ್ತು. ಅದರ ಮೇಲೆ ನೀವು ಕಾರು ನಿಲ್ಲಿಸಿದ್ರಿ."

ಅಫೀಫಾ ಹೊರಗೆ ನಿಂತು ಅತ್ತಳು. ಆಮೇಲೆ ಬೈದಳು. ಕಲ್ಲೆದೆ ಎಂದಳು, ಮಾಮ ಇದ್ದಿದ್ದರೆ ಹೀಗೆ ಮಾಡುತ್ತಿರಲಿಲ್ಲ ಎಂದಳು. ಸಾರಮ್ಮ ಬಾಗಿಲು ತೆಗೆಯಲಿಲ್ಲ. ಮಾಮ ಇದ್ದಿದ್ದರೆ ಓಡಿ ಹೋಗಿ ಗೇಟು ತೆಗೆಯುತ್ತಿದ್ದ, ಅದು ಅವಳಿಗೂ ಗೊತ್ತಿತ್ತು. ಅದಕ್ಕೇ ಇನ್ನಷ್ಟು ಸಿಟ್ಟು ಬಂತು. ಯಾರು ಹಾರನ್ ಹೊಡೆದರೂ ಓಡುತ್ತಿದ್ದ. ಓಡಿ ಓಡಿಯೇ ಹೋದ.

ಅರಾದಿನಲ್ಲಿ ನಡೆದದ್ದನ್ನು ಮರುದಿನ ಲಾನ್ಸೆಲೊಟ್ ಬಾಗಿಲಿನ ಹೊರಗಿನಿಂದ ಹೇಳಿದ. ಬಾಬಾ ಎಲ್ಲರನ್ನೂ ಅತಿಥಿಗಳು ಕೂರುವ ಮಜ್ಲಿಸಿನಲ್ಲಿ ಸಾಲಾಗಿ ಕೂರಿಸಿ ಅರಬಿ ಕಾಫಿ ಕಾವಾ ಕೊಟ್ಟರಂತೆ. ಒಂದು ಬಿರುಸು ಮಾತು ಇಲ್ಲ. ನೀವು ಸಾವಿನ ಮನೆಗೆ ಬಂದವರಲ್ಲವೇ, ಸತ್ತವನಿಗೆ ಫಾತಿಹಾ ಓದಿ ಎಂದರಂತೆ. ಒಬ್ಬೊಬ್ಬನೂ ಓದಿದ ಮೇಲೆ ಅವನ ಕಾರು ಬಿಡಲು ಫೋನ್ ಮಾಡಿದರಂತೆ. "ಡೋಲಿನವ ಅರ್ಧದಲ್ಲಿ ಮರೆತು ಬೆವರಿದನಂತೆ ಮಾರಾಯ್ರೆ!"

"ಓದಿಸಿದ್ದಕ್ಕೆ ಓದಿದ್ರು," ಎಂದಳು ಸಾರಮ್ಮ. ಅವಳಿಗೆ ತಂಪಾಗಲಿಲ್ಲ.

ಗೇಟು ಮುಚ್ಚಿದ ಮೇಲೆ ಯಾರೂ ಬರಲಿಲ್ಲ. ಬಾಬಾ ಹೇಳಿದ ಹಾಗೆಯೇ ಆಯಿತು. ಮಂಗಳವಾರ ಹೋಯಿತು, ಗುರುವಾರ ಹೋಯಿತು. ಬಾಗಿಲು ಬಡಿದದ್ದು ಹೋಟೆಲಿನಿಂದ ಅಕ್ಕಿ ತಂದವನು ಮಾತ್ರ. ಕಾರು ನಿಲ್ಲಿಸಲಿಕ್ಕಾದರೂ ಬರುತ್ತಿದ್ದರಲ್ಲ, ಎದುರು ಕೂರುತ್ತಿದ್ದರಲ್ಲ, ಯಾಸೀನ್ ಓದಿದ್ದು ಸುಳ್ಳಲ್ಲವಲ್ಲ ಎಂದು ಒಂದು ಸಂಜೆ ಸಾರಮ್ಮನಿಗೆ ಅನಿಸಿತು. ಅನಿಸಿದ್ದಕ್ಕೆ ತನ್ನ ಮೇಲೆಯೇ ಸಿಟ್ಟು ಬಂತು. ಅಂಥವರಿಗಾಗಿ ಬಾಗಿಲ ಕಡೆ ಕಿವಿ ಕೊಟ್ಟು ಕೂರುವ ಹಾಗಾಯಿತೇ ತನ್ನ ಗತಿ? ಎದ್ದು ಹಿಟ್ಟು ನಾದಿದಳು. ಹಿಟ್ಟು ಬೇಕಾದ್ದಕ್ಕಿಂತ ಹೆಚ್ಚು ಪೆಟ್ಟು ತಿಂದಿತು.

ಫೈನಲ್ ಮ್ಯಾಚಿನ ದಿನ ಗಲ್ಲಿಯಲ್ಲಿ ಕಾಲಿಡಲು ಜಾಗವಿರಲಿಲ್ಲ. ಹಾರನ್ನಿನ ಮೇಲೆ ಹಾರನ್ನು. ಸಾರಮ್ಮ ಕಿಟಕಿ ಮುಚ್ಚಿ ಕೂತಿದ್ದಳು. ಮ್ಯಾಚು ಶುರುವಾಗಿ ಬಹಳ ಹೊತ್ತಾದ ಮೇಲೆ ಬಾಗಿಲು ಬಡಿಯಿತು.

"ಯಾರು?"

"ನಾನು. ಅಫೀಫಾ."

"ಇವತ್ತು ಗೇಟು ತೆಗೆಯುದಿಲ್ಲ."

"ಗೇಟು ಯಾರಿಗೆ ಬೇಕು? ಬಾಗಿಲು ತೆಗೀರಿ, ನಂಗೆ ನಿಲ್ಲಿಕ್ಕೆ ಆಗುದಿಲ್ಲ."

ತೆಗೆದರೆ ಅಫೀಫಾ ಬೆವರಿನಲ್ಲಿ ಮಿಂದವಳ ಹಾಗೆ ನಿಂತಿದ್ದಳು. ಒಂದು ಕಾಲಲ್ಲಿ ಚಪ್ಪಲಿ, ಇನ್ನೊಂದು ಚಪ್ಪಲಿ ಕೈಯಲ್ಲಿ, ಬಾರು ಕಿತ್ತು ಹೋಗಿತ್ತು. ಒಳಗೆ ಬಂದು ಚಾಪೆಯ ಮೇಲೆ ದೊಪ್ಪನೆ ಕೂತಳು. ಕೂತಲ್ಲಿಂದಲೇ ಶುರು ಮಾಡಿದಳು.

"ಇಜಾಝ್ ಕಾಲು ಸರಿಯಾಗಿ ಆಡ್ತಾ ಇದ್ದಾನೆ. ಅಫ್ಸಲ್ ಅವ್ರನ್ನ ಕಾಲೇಜಿನ ಬಾಗಿಲಲ್ಲಿ ಇಳಿಸಿದೆ. ಕಾರು ನಿಲ್ಲಿಸಿ ಬರ್ತೇನೆ ಅಂದೆ. ಎಲ್ಲಿ ನಿಲ್ಲಿಸುದು ಮಾಮಿ? ಮರಳಿನ ಬಯಲು ತುಂಬಿದೆ. ಪಳ್ಳಿಯ ಹತ್ತಿರ ಹೋದ್ರೆ ಪೊಲೀಸು. ಬೇಕರಿ ಹತ್ತಿರ ಒಂದು ಜಾಗ ಸಿಕ್ಕಿತು, ಹಿಂದೆ ತೆಗೆಯುವಷ್ಟರಲ್ಲಿ ಒಬ್ಬ ಸಣ್ಣ ಕಾರಲ್ಲಿ ನುಗ್ಗಿದ. ಹಾರನ್ ಹೊಡೆದ್ರೆ ಕೈ ಬೀಸಿ ಹೋದ, ನಾನು ಅವನ ಮದುವೆಗೆ ಬಂದವಳ ಹಾಗೆ. ಕೊನೆಗೆ ಆ ದೊಡ್ಡ ರಸ್ತೆ ದಾಟಿ, ಮೀನಿನ ಅಂಗಡಿಯ ಹಿಂದೆ. ಅಲ್ಲಿಂದ ನಡೀಬೇಕು. ಈ ಸೆಕೆಯಲ್ಲಿ! ಚಪ್ಪಲಿ ಹೋಯ್ತು. ಕಾಲು ನೋಡಿ."

ಸಾರಮ್ಮ ಕಾಲು ನೋಡಿದಳು. ಹಿಮ್ಮಡಿಯಲ್ಲಿ ನೀರುಗುಳ್ಳೆ ಎದ್ದಿತ್ತು. ಇದನ್ನೆಲ್ಲ ಕೇಳಲು ಅವಳಿಗೆ ಹಿತವಾಗಿತ್ತು. ಎಲ್ಲೂ ಅಡ್ಡ ಮಾತಾಡದೆ ಕೊನೆಯವರೆಗೆ ಕೇಳಿದಳು.

"ಮಗ ಫೈನಲ್ ಆಡುವಾಗ ನೀನು ಇಲ್ಲಿ ಎಂತ ಮಾಡ್ತಿ?"

"ನಿಮ್ಮಿಂದ ಬೈಸಿಕೊಳ್ಳಿಕ್ಕೆ ಬಂದದ್ದು. ನಾನೂ ಆ ದಿನ ಬೈದೆ. ಬೈದು ಹೋದ ಮೇಲೆ ನಿದ್ದೆ ಬರುದಿಲ್ಲ."

"ಮ್ಯಾಚ್ ಇಲ್ಲದ ದಿನ ಬರ್ಲಿಕ್ಕೆ ಆಗ್ಲಿಲ್ವಾ ನಿಂಗೆ?"

"ಬರ್ಬೇಕು ಅಂತ ಇದ್ದೆ. ಹೆದರಿಕೆಯಾಯ್ತು. ಇವತ್ತು ಕಾರು ನಿಲ್ಲಿಸಿ ನೋಡಿದ್ರೆ ಕಾಲೇಜೂ ಅಷ್ಟೇ ದೂರ, ನಿಮ್ಮ ಮನೆಯೂ ಅಷ್ಟೇ ದೂರ."

ಸಾರಮ್ಮ ಬೈದಳು. ಮೊದಲ ದಿನದಿಂದ ಶುರು ಮಾಡಿ ಬೈದಳು. ಚಾದ ಗ್ಲಾಸು, ಫೋನು, ಅಫ್ಸಲ್, ವಾಟ್ಸಾಪು, ಡೋಲು, ಒಂದನ್ನೂ ಬಿಡಲಿಲ್ಲ. ಅಫೀಫಾ ತಲೆ ತಗ್ಗಿಸಿ ಕೂತಳು. ನಡುವೆ ಎದುರಿನ ಹಾಲಿನಿಂದ ಗೋಡೆ ನಡುಗುವಂಥ ಬೊಬ್ಬೆ ಬಂತು. ಅಫೀಫಾಳ ಕೈ ತನ್ನಷ್ಟಕ್ಕೆ ಬ್ಯಾಗಿನ ಕಡೆ ಹೋಗಿ ನಿಂತಿತು.

"ನೋಡು," ಎಂದಳು ಸಾರಮ್ಮ. "ನೋಡಿ ಮುಗಿಸು. ನಾನು ಬೈಯುವಾಗ ನಿನ್ನ ಜೀವ ಅಲ್ಲಿ ಇರುದು ಬೇಡ."

ಅಫೀಫಾ ನೋಡಿದಳು. "ಸೋಲ್ತಾ ಇದ್ದಾರೆ ಮಾಮಿ."

"ಸೋಲ್ಲಿ."

"ಒಂದು ಚಾ ಆದ್ರೂ ಕೊಡಿ. ಗಂಟಲು ಒಣಗಿದೆ."

"ನಾನು ಮಾಡುದಿಲ್ಲ. ನೀನೇ ಮಾಡಿಕೋ. ಹಾಲು ಫ್ರಿಜ್ಜಲ್ಲಿ ಉಂಟು. ಸಕ್ಕರೆ ಹೆಚ್ಚು ಹಾಕ್ಬೇಡ, ನಂಗೂ ಒಂದು ಗ್ಲಾಸು ಮಾಡು."

ಅಫೀಫಾ ಕುಂಟುತ್ತಾ ಅಡುಗೆಮನೆಗೆ ಹೋದಳು. ಸಾರಮ್ಮ ಅಲ್ಲಿಗೂ ಕೇಳುವ ಹಾಗೆ ದನಿ ಎತ್ತಿ ಬೈಯುತ್ತಲೇ ಇದ್ದಳು.